ಆಮ್‌ಸ್ಟರ್‌ಡ್ಯಾಮ್: ಅಪ್ಪ-ಅಮ್ಮನ ಜೊತೆ ಶನಿವಾರದಿಂದ ಸೋಮವಾರ, ಏನು ನೋಡೋದು, ಏನು ಬಿಡೋದು?

ಗಾಂಧಿಬಜಾರ್ ದೋಸೆ · ಬೆಂಗಳೂರು

ಎಲ್ಲರಿಗೂ ನಮಸ್ಕಾರ. ಜೂನ್ ಮೂರನೇ ವಾರ ಅಪ್ಪ-ಅಮ್ಮನನ್ನು ಕರೆದುಕೊಂಡು ಯುರೋಪಿಗೆ ಹೊರಟಿದ್ದೇನೆ. ಮೊದಲು ಆಮ್‌ಸ್ಟರ್‌ಡ್ಯಾಮ್, ಆಮೇಲೆ ಪ್ಯಾರಿಸ್. ಶನಿವಾರ ಬೆಳಿಗ್ಗೆ ಇಳಿಯುತ್ತೇವೆ, ಮಂಗಳವಾರ ಬೆಳಿಗ್ಗೆ ರೈಲು ಹತ್ತಬೇಕು. ಟ್ರಾವೆಲ್ ಏಜೆಂಟ್ ಒಂದು ಪಟ್ಟಿ ಕೊಟ್ಟಿದ್ದಾರೆ: ಕ್ಯೂಕೆನ್‌ಹಾಫ್ ಟುಲಿಪ್ ತೋಟ, ಜಾನ್ಸೆ ಸ್ಖಾನ್ಸ್ ಗಾಳಿಯಂತ್ರ, ಗೀತ್‌ಹೋರ್ನ್ ಅನ್ನೋ ಕಾಲುವೆ ಹಳ್ಳಿ, ಮದುರೋಡ್ಯಾಮ್ ಅನ್ನೋ ಪುಟಾಣಿ ಮಾದರಿ ಊರು, ಆನ್ ಫ್ರಾಂಕ್ ಮನೆ, ವ್ಯಾನ್ ಗೋ ಮ್ಯೂಸಿಯಂ, ರೈಕ್ಸ್‌ಮ್ಯೂಸಿಯಂ, ಮೇಣದ ಗೊಂಬೆ, ವಜ್ರದ ಕಾರ್ಖಾನೆ, ಕೆನಾಲ್ ಕ್ರೂಸ್. ಓದುವಾಗಲೇ ಸುಸ್ತಾಯಿತು.

ಅಪ್ಪನಿಗೆ 71. ಸಮತಟ್ಟಾದ ಕಡೆ ಎಷ್ಟು ಬೇಕಾದರೂ ನಡೆಯುತ್ತಾರೆ, ಮೆಟ್ಟಿಲು ಅಂದರೆ ಮೊಣಕಾಲು ತಕರಾರು ತೆಗೆಯುತ್ತದೆ. ನೀರಾವರಿ ಇಲಾಖೆಯಲ್ಲಿ ಎಂಜಿನಿಯರ್ ಆಗಿದ್ದವರು. 'ಆ ಊರು ಕೆಸರಿನ ಮೇಲೆ ಹೇಗೆ ನಿಂತಿದೆ ನೋಡಬೇಕು' ಅನ್ನೋದೊಂದೇ ಅವರ ಬೇಡಿಕೆ. ಅಮ್ಮ ಮೊಟ್ಟೆಯನ್ನೂ ಮುಟ್ಟುವುದಿಲ್ಲ. ನಾಜಿಗಳಿಂದ ಅಡಗಿ ಕೂತು ಡೈರಿ ಬರೆದ ಯಹೂದಿ ಹುಡುಗಿ ಆನ್ ಫ್ರಾಂಕ್ ಮನೆ ಅವರಿಗೆ ನೋಡಲೇಬೇಕು. ಉಳಿದದ್ದರಲ್ಲಿ ಏನು ಇಟ್ಟುಕೊಳ್ಳಲಿ, ಏನು ಬಿಡಲಿ?

ಆಮ್‌ಸ್ಟೆಲ್‌ವೇನ್ ಅಕ್ಕ

ಮೊದಲು ಆ ಪಟ್ಟಿ ಹರಿದು ಹಾಕಿ. ಕ್ಯೂಕೆನ್‌ಹಾಫ್ ಮಾರ್ಚ್ ಮಧ್ಯದಿಂದ ಮೇ ಮಧ್ಯದವರೆಗೆ ಮಾತ್ರ ತೆರೆದಿರುತ್ತದೆ. ಜೂನ್‌ನಲ್ಲಿ ಅಲ್ಲಿ ಟುಲಿಪ್ಪೂ ಇಲ್ಲ, ಟಿಕೆಟ್ ಕೊಡುವವರೂ ಇಲ್ಲ. ಮದುರೋಡ್ಯಾಮ್ ಇರುವುದು ಹೇಗ್‌ನಲ್ಲಿ. ಗೀತ್‌ಹೋರ್ನ್‌ಗೆ ಹೋಗಿ ಬಂದರೆ ಒಂದು ದಿನ ಹೋಯಿತು. ಕಾಲುವೆ ನೋಡಲು ಕಾಲುವೆಗಳ ಊರನ್ನೇ ಬಿಟ್ಟು ಹೋಗೋದು ಯಾವ ಲೆಕ್ಕ? ಮೇಣದ ಗೊಂಬೆ ಎಲ್ಲಾ ಊರಲ್ಲೂ ಇವೆ. ವಜ್ರದ ಕಾರ್ಖಾನೆಯ ಟೂರ್ ಕೊನೆಗೆ ನಿಮ್ಮನ್ನು ಅಂಗಡಿಯಲ್ಲೇ ನಿಲ್ಲಿಸುತ್ತದೆ.

ಈ ಊರಲ್ಲಿ ನೋಡಬೇಕಾದ್ದು ಊರೇ. 17ನೇ ಶತಮಾನದಲ್ಲಿ ತೋಡಿದ ಕಾಲುವೆ ವರ್ತುಲ 2010ರಿಂದ ಯುನೆಸ್ಕೋ ಪಟ್ಟಿಯಲ್ಲಿದೆ. ಟಿಕೆಟ್ ಇಲ್ಲ, ಕ್ಯೂ ಇಲ್ಲ. ಒಳಗಿನಿಂದ ಹೊರಕ್ಕೆ ಸಿಂಗೆಲ್, ಹೇರೆನ್‌ಗ್ರಾಖ್ಟ್, ಕೈಜರ್ಸ್‌ಗ್ರಾಖ್ಟ್, ಪ್ರಿನ್ಸೆನ್‌ಗ್ರಾಖ್ಟ್. ಈ ಕ್ರಮ ಬಾಯಿಪಾಠ ಮಾಡಿಕೊಳ್ಳಿ. ಆಮೇಲೆ ಮ್ಯಾಪ್ ಇಲ್ಲದೆಯೂ ಎಲ್ಲಿದ್ದೀರಿ ಅಂತ ಗೊತ್ತಾಗುತ್ತದೆ.

ಮುಂಚೆ ಬುಕ್ ಮಾಡಬೇಕಾದ್ದು ಎರಡೇ. ಒಂದು ಆನ್ ಫ್ರಾಂಕ್ ಮನೆ, ಇನ್ನೊಂದು ನಿಮಗಿಷ್ಟವಾದ ಒಂದೇ ಒಂದು ದೊಡ್ಡ ಮ್ಯೂಸಿಯಂ. ಆನ್ ಫ್ರಾಂಕ್ ಟಿಕೆಟ್ ಆನ್‌ಲೈನ್‌ನಲ್ಲಿ ಮಾತ್ರ ಸಿಗುತ್ತದೆ. ಪ್ರತಿ ಮಂಗಳವಾರ ಇಲ್ಲಿನ ಬೆಳಿಗ್ಗೆ 10ಕ್ಕೆ ಆರು ವಾರ ಮುಂದಿನ ಟಿಕೆಟ್ ಬಿಡುತ್ತಾರೆ. ಬೇಸಿಗೆಯಲ್ಲಿ ನಿಮಗೂ ನಮಗೂ ಮೂರೂವರೆ ಗಂಟೆ ವ್ಯತ್ಯಾಸ. ಅಂದರೆ ನಿಮ್ಮ ಮಧ್ಯಾಹ್ನ 1:30. ಊಟದ ತಟ್ಟೆ ಬದಿಗಿಟ್ಟು 1:15ಕ್ಕೇ ಲ್ಯಾಪ್‌ಟಾಪ್ ಮುಂದೆ ಕೂತಿರಿ. ಬೇಗ ಖಾಲಿಯಾಗುತ್ತದೆ. ಬೇರೆ ಸೈಟ್‌ಗಳಲ್ಲಿ 'ಆನ್ ಫ್ರಾಂಕ್ ಟೂರ್' ಅಂತ ಮಾರುವುದು ಬಹಳ ಸಲ ಬೀದಿಯ ನಡಿಗೆ ಮಾತ್ರ, ಮನೆಯೊಳಗೆ ಬಿಡುವುದಿಲ್ಲ. ಸರಿಯಾಗಿ ಓದಿ ದುಡ್ಡು ಕೊಡಿ.

ಜೋಳದ ರೊಟ್ಟಿ · ಧಾರವಾಡ

ಪಟ್ಟಿ ಹರಿಯೋದಕ್ಕೆ ನನ್ನದೂ ಓಟು. ಆದರೆ ಮೂರು ದಿನ ಯಾಕೆ ಸ್ವಾಮಿ? ಆಫೀಸ್ ಕೆಲಸಕ್ಕೆ ಹೋದಾಗ ನಾನು ಬೆಳಿಗ್ಗೆಯಿಂದ ಸಂಜೆಯೊಳಗೆ ಮುಗಿಸಿದ್ದೇನೆ. ಡ್ಯಾಮ್ ಚೌಕ, ಬೋಟು, ರೆಡ್ ಲೈಟ್ ಏರಿಯಾ, ಒಂದು ಪೊಟ್ಟಣ ಫ್ರೈಸ್. ಎಲ್ಲಾ ಕಾಲುವೆಯೂ ಒಂದೇ ಥರ. ಉಳಿದ ದಿನ ಸ್ವಿಟ್ಜರ್ಲೆಂಡ್‌ಗೆ ಕೊಡಿ, ಅಪ್ಪ-ಅಮ್ಮ ಹಿಮವನ್ನಾದರೂ ನೋಡಲಿ.

ನೀರಿನ ಮಟ್ಟ · ಡೆಲ್ಫ್ಟ್

ಎಲ್ಲಾ ಒಂದೇ ಥರ ಕಾಣೋದು ತಲೆ ಎತ್ತದೆ ನಡೆದವರಿಗೆ :) ತಪ್ಪು ತಿಳಿಯಬೇಡಿ ರೊಟ್ಟಿಯವರೇ, ಆ ರಸ್ತೆಯಲ್ಲಿ ಸೈಕಲ್ ತಪ್ಪಿಸಿಕೊಳ್ಳುವಾಗ ತಲೆ ಎತ್ತುವುದೂ ಕಷ್ಟವೇ.

ನಾನು ಬರೆಯುತ್ತಿರುವುದು ಎಂಜಿನಿಯರ್ ಅಪ್ಪನಿಗೆ. ನನ್ನ ಕೆಲಸವೂ ಅಡಿಪಾಯದ್ದೇ. ಈ ಊರಿನ ಮೇಲ್ಪದರ ಪೀಟ್ (ಕೊಳೆತ ಗಿಡಗಳ ಮೆತ್ತನೆ ಮಣ್ಣು) ಮತ್ತು ಜೇಡಿ. ಭಾರ ತಡೆಯುವ ಮರಳಿನ ಪದರ ಸಿಗುವುದು ಸುಮಾರು 12 ಮೀಟರ್ ಕೆಳಗೆ. ಹಾಗಾಗಿ ಮರದ ಕಂಬಗಳನ್ನು ಮರಳು ಮುಟ್ಟುವ ತನಕ ಹೊಡೆದು ಇಳಿಸಿದರು, ಅದರ ಮೇಲೆ ಇಟ್ಟಿಗೆ ಮನೆ ಕಟ್ಟಿದರು. ಡ್ಯಾಮ್ ಚೌಕದ ಅರಮನೆ ಇದೆಯಲ್ಲ, 1648ರಲ್ಲಿ ನಗರಸಭೆಗಾಗಿ ಕಟ್ಟಲು ಶುರು ಮಾಡಿದ್ದು, ಅದು ನಿಂತಿರುವುದು 13,659 ಮರದ ಕಂಬಗಳ ಮೇಲೆ.

ಮರ ನೀರಿನಲ್ಲಿ ಪೂರ್ತಿ ಮುಳುಗಿದ್ದರೆ ಸುಲಭಕ್ಕೆ ಕೊಳೆಯುವುದಿಲ್ಲ. ನೀರು ಇಳಿದು ತಲೆಗೆ ಗಾಳಿ ತಾಗಿತೋ, ಶಿಲೀಂಧ್ರ ಹಿಡಿಯುತ್ತದೆ, ಮನೆ ಕುಸಿಯಲು ಶುರುವಾಗುತ್ತದೆ. ಅದಕ್ಕೇ ಇಲ್ಲಿ ನೀರು ಜಾಸ್ತಿಯಾದರೂ ಭಯ, ಕಡಿಮೆಯಾದರೂ ಭಯ. ಊರೊಳಗಿನ ಕಾಲುವೆ ನೀರನ್ನು ಇಲ್ಲಿನ ಸೊನ್ನೆ ಮಟ್ಟಕ್ಕಿಂತ (ಎತ್ತರ ಅಳೆಯಲು ಆಧಾರ, ಹೆಚ್ಚುಕಡಿಮೆ ಸಮುದ್ರ ಮಟ್ಟ) 40 ಸೆಂಟಿಮೀಟರ್ ಕೆಳಗೆ ಹಿಡಿದಿಡುತ್ತಾರೆ.

ಆ ಸೊನ್ನೆ ಮಟ್ಟವನ್ನು ಕಣ್ಣಾರೆ ನೋಡಬಹುದು. ವಾಟರ್‌ಲೂ ಚೌಕದಲ್ಲಿ ನಗರಸಭೆ ಮತ್ತು ಒಪೆರಾ ಒಂದೇ ಕಟ್ಟಡದಲ್ಲಿವೆ, 'ಸ್ಟೋಪೆರಾ' ಅಂತಾರೆ. ಅದರೊಳಗೆ ಕಂಚಿನ ಬೋಲ್ಟೊಂದು ಸೊನ್ನೆಯನ್ನು ತೋರಿಸುತ್ತದೆ. ಪಕ್ಕದಲ್ಲಿ ಗಾಜಿನ ಮೂರು ನೀರಿನ ಕಂಬಗಳು. ಎರಡರಲ್ಲಿ ಈ ಹೊತ್ತಿನ ಸಮುದ್ರ ಮಟ್ಟ ಏರಿಳಿಯುತ್ತಿರುತ್ತದೆ. ಮೂರನೆಯದು 1953ರ ಪ್ರವಾಹದಲ್ಲಿ ಜೀಲೆಂಡ್ ಪ್ರಾಂತ್ಯದಲ್ಲಿ ನೀರು ಎಲ್ಲಿವರೆಗೆ ಬಂದಿತ್ತು ಅಂತ ತೋರಿಸುತ್ತದೆ. 4.55 ಮೀಟರ್. ಅಪ್ಪ ಕತ್ತೆತ್ತಿ ನೋಡಬೇಕಾಗುತ್ತದೆ. ಬಿಟ್ಟಿ. ಟೂರಿಸ್ಟರು ಯಾರೂ ಹೋಗುವುದಿಲ್ಲ.

ಕಾಲುವೆ ದಂಡೆಯಲ್ಲಿ ಅಲ್ಲಲ್ಲಿ ಕಬ್ಬಿಣದ ತಡೆ, ಮರಳು ಚೀಲ, ಕ್ರೇನ್ ಕಾಣುತ್ತವೆ. 'ಫೋಟೋ ಹಾಳಾಯ್ತು' ಅಂತ ಬೇಜಾರು ಮಾಡಿಕೊಳ್ಳಬೇಡಿ. ಕುದುರೆಗಾಡಿ ಕಾಲದಲ್ಲಿ ಕಟ್ಟಿದ ದಂಡೆಗಳ ಮೇಲೆ ಈಗ ಲಾರಿ ಓಡುತ್ತಿವೆ. 2020ರ ಸೆಪ್ಟೆಂಬರ್‌ನಲ್ಲಿ ಗ್ರಿಂಬರ್ಗ್‌ವಾಲ್ ಅನ್ನೋ ಸಣ್ಣ ಕಾಲುವೆಯ ದಂಡೆ ಸೀದಾ ನೀರಿಗೇ ಕುಸಿಯಿತು. ಆಗಿನಿಂದ ರಿಪೇರಿಗೆ ಅವಸರ ಜಾಸ್ತಿ. ಅಪ್ಪನಿಗೆ ಆ ಕ್ರೇನುಗಳೇ ಮ್ಯೂಸಿಯಂ ಅನ್ನಿಸಬಹುದು.

ಗಾಂಧಿಬಜಾರ್ ದೋಸೆ

ನೀರಿನ ಮಟ್ಟ ಅವರೇ, ಅಪ್ಪನಿಗೆ ಇದನ್ನು ಜೋರಾಗಿ ಓದಿ ಹೇಳಿದೆ. 'ಕಂಬದ ತಲೆ ಮೇಲೆ ಏನು ಹಾಕಿದ್ದಾರೆ ಕೇಳು' ಅಂದರು.

ನೀರಿನ ಮಟ್ಟ · ಡೆಲ್ಫ್ಟ್

ಹಹ್ಹ. ಜೋಡಿ ಜೋಡಿ ಕಂಬಗಳ ಮೇಲೆ ಅಡ್ಡ ತೊಲೆ, ಅದರ ಮೇಲೆ ಉದ್ದಕ್ಕೆ ದಪ್ಪ ಹಲಗೆ, ಆಮೇಲೆ ಇಟ್ಟಿಗೆ ಗೋಡೆ. ಮರದ ಭಾಗವೆಲ್ಲ ನೀರಿನ ಮಟ್ಟದ ಕೆಳಗೆ. ಸಾಲು ಮನೆಗಳಲ್ಲಿ ಒಂದರ ಕಂಬ ಸೋತರೆ ಪಕ್ಕದ ಮನೆಯನ್ನೂ ಎಳೆಯುತ್ತದೆ. ಪಕ್ಕಕ್ಕೆ ವಾಲಿದ, ಕಿಟಕಿ ಸೊಟ್ಟಗಾದ ಮನೆಗಳು ಕಂಡರೆ ಕಾರಣ ಅದೇ.

ಆಮ್‌ಸ್ಟೆಲ್‌ವೇನ್ ಅಕ್ಕ

ಪಕ್ಕಕ್ಕೆ ವಾಲಿದ್ದು ಬೇರೆ, ಮುಂದಕ್ಕೆ ಬಾಗಿದ್ದು ಬೇರೆ. ಮುಂದಕ್ಕೆ ಬಾಗಿದ ಮನೆಗಳನ್ನು ಬೇಕಂತಲೇ ಹಾಗೆ ಕಟ್ಟಿದ್ದು. ಪ್ರತಿ ಮನೆಯ ತುದಿಯಲ್ಲಿ ಒಂದು ತೊಲೆ ಹೊರಕ್ಕೆ ಚಾಚಿದೆ, ತುದಿಗೆ ಕೊಕ್ಕೆ. ಆಗ ಸರಕೆಲ್ಲ ದೋಣಿಯಿಂದ ಇಳಿದು ಆ ಕೊಕ್ಕೆಯ ಹಗ್ಗದಲ್ಲಿ ಅಟ್ಟಕ್ಕೆ ಏರುತ್ತಿತ್ತು. ಗೋಡೆ ನೇರವಿದ್ದರೆ ಮೂಟೆ ಕಿಟಕಿಗೆ ಬಡಿಯುತ್ತದೆ. ಬಾಗಿದ್ದರೆ ಬಡಿಯುವುದಿಲ್ಲ.

ಈಗಲೂ ಅದೇ ಕೊಕ್ಕೆ ಕೆಲಸಕ್ಕೆ ಬರುತ್ತದೆ. ನಮ್ಮ ಗೆಳತಿ ಯೋರ್ಡಾನ್ ಬಡಾವಣೆಗೆ ಮನೆ ಬದಲಾಯಿಸಿದಾಗ ನಾನೇ ಕೆಳಗೆ ನಿಂತು ನೋಡಿದ್ದೇನೆ. ಮೆಟ್ಟಿಲು ಎಷ್ಟು ಇಕ್ಕಟ್ಟೆಂದರೆ ಸೋಫಾ ತಿರುಗುವುದೇ ಇಲ್ಲ. ಮೂರನೇ ಮಹಡಿಯ ಕಿಟಕಿಯನ್ನು ಚೌಕಟ್ಟಿನ ಸಮೇತ ಬಿಚ್ಚಿದರು. ಕೊಕ್ಕೆಗೆ ರಾಟೆ ಸಿಕ್ಕಿಸಿ ಸೋಫಾಗೆ ಪಟ್ಟಿ ಬಿಗಿದರು. ಕೆಳಗೆ ಇಬ್ಬರು ಹಗ್ಗ ಎಳೆದರು, ಒಬ್ಬ ಇನ್ನೊಂದು ಹಗ್ಗದಿಂದ ಸೋಫಾವನ್ನು ಗೋಡೆಯಿಂದ ದೂರ ಹಿಡಿದ. ಮೇಲೆ ಅವಳ ಗಂಡ ಕಿಟಕಿಯಿಂದ ಅರ್ಧ ಹೊರಗೆ ಬಾಗಿ ಕಾಲು ಹಿಡಿದು ಒಳಗೆ ಎಳೆದುಕೊಂಡ. ಸೋಫಾದ ಕಾಲು. ಪಕ್ಕದಲ್ಲಿ ಸೈಕಲ್‌ನವರು ಬೆಲ್ ಹೊಡೆದುಕೊಂಡು ಹೋಗುತ್ತಲೇ ಇದ್ದರು, ಯಾರೂ ತಲೆ ಎತ್ತಲಿಲ್ಲ.

ಬಾಗಿಲುಗಳ ಮೇಲೆ ಸಣ್ಣ ಕೆತ್ತನೆ ಕಲ್ಲುಗಳನ್ನೂ ಗಮನಿಸಿ. ಮನೆ ನಂಬರ್ ಬರುವ ಮುಂಚೆ ಅವೇ ವಿಳಾಸ. ಮೀನಿದ್ದರೆ ಮೀನಿನವನ ಮನೆ, ಕತ್ತರಿಯಿದ್ದರೆ ದರ್ಜಿ. ಬೆಗೈನ್‌ಹೋಫ್ ಅಂಗಳದ ಒಂದು ಗೋಡೆಯಲ್ಲಿ ಕೆಡವಿದ ಮನೆಗಳ ಕಲ್ಲುಗಳನ್ನೆಲ್ಲ ಸಾಲಾಗಿ ಕೂರಿಸಿದ್ದಾರೆ. ಅದೇ ಅಂಗಳದಲ್ಲಿ 1528ರ ಸುಮಾರಿನ ಮರದ ಮನೆಯೂ ಇದೆ. ಪ್ರವೇಶ ಬಿಟ್ಟಿ. ಒಳಗೆ ಜನ ವಾಸವಿದ್ದಾರೆ, ಮೆಲ್ಲಗೆ ಮಾತಾಡಿ.

ನಿವೃತ್ತ ಮೇಷ್ಟ್ರು · ಮೈಸೂರು

ಮೊಣಕಾಲಿನ ವಿಷಯ ಯಾರೂ ಎತ್ತಲಿಲ್ಲ. ನಾನೂ ಅದೇ ವಯಸ್ಸಿನವನು, ಹೇಳುತ್ತೇನೆ ಕೇಳಿ.

ಮಗಳು ಕಾಲುವೆ ಪಕ್ಕದ ಹಳೆಯ ಹೋಟೆಲ್ ಬುಕ್ ಮಾಡಿದ್ದಳು. ಫೋಟೋದಲ್ಲಿ ಕಿಟಕಿ, ಕಿಟಕಿಯಾಚೆ ನೀರು, ಬಲು ಚಂದ. ಲಿಫ್ಟ್ ಇಲ್ಲ ಅನ್ನೋದು ಎಲ್ಲೋ ಕೆಳಗೆ ಸಣ್ಣ ಅಕ್ಷರದಲ್ಲಿತ್ತಂತೆ. ಕೋಣೆ ಮೇಲಿನ ಮಹಡಿ. ಅಲ್ಲಿನ ಮೆಟ್ಟಿಲು ನಮ್ಮ ಹಳೇ ಮನೆಗಳ ಅಟ್ಟದ ಏಣಿಯೇ ಸರಿ. ಪಾದದ ಅರ್ಧ ಭಾಗ ಹೊರಗೇ ಉಳಿಯುತ್ತದೆ. ಇಳಿಯುವಾಗ ಗೋಡೆಗೆ ಮುಖ ಮಾಡಿ ಹಿಂದುಹಿಂದಕ್ಕೆ ಇಳಿದೆ. ಸಂಜೆ ಮತ್ತೆ ಹತ್ತಬೇಕಲ್ಲ ಅಂತ ಮಧ್ಯಾಹ್ನ ವಿಶ್ರಾಂತಿಗೆ ಕೋಣೆಗೇ ಹೋಗಲಿಲ್ಲ. ರಿಸೆಪ್ಷನ್‌ನಲ್ಲಿ ಕೇಳಿದರೆ 'ಎಲ್ಲಾ ಕಾಲುವೆ ಮನೆಗಳೂ ಹೀಗೇ' ಎಂದು ನಕ್ಕರು.

ಆದ್ದರಿಂದ ಮೊದಲು ಕೇಳಬೇಕಾದ ಪ್ರಶ್ನೆ 'ವ್ಯೂ ಇದೆಯಾ' ಅಲ್ಲ, 'ಲಿಫ್ಟ್ ಇದೆಯಾ, ಅದು ನಮ್ಮ ಕೋಣೆಯ ಮಹಡಿಗೆ ಬರುತ್ತಾ'. ಕೆಲವು ಕಡೆ ಲಿಫ್ಟ್ ಇರುತ್ತದೆ, ಆದರೆ ಅದನ್ನು ತಲುಪಲು ಹತ್ತು ಮೆಟ್ಟಿಲು!

ಆಮ್‌ಸ್ಟೆಲ್‌ವೇನ್ ಅಕ್ಕ

ಮೇಷ್ಟ್ರು ಹೇಳಿದ್ದು ನೂರಕ್ಕೆ ನೂರು. ನನ್ನ ಸಲಹೆ: ಮೆಟ್ರೋ 52ರ ಹತ್ತಿರ ಹೊಸ ಕಟ್ಟಡದ ಹೋಟೆಲ್ ನೋಡಿ. 2018ರಲ್ಲಿ ಶುರುವಾದ ಲೈನ್ ಇದು. ಉತ್ತರದ ನೋರ್ಡ್‌ನಿಂದ ಸೆಂಟ್ರಲ್ ಸ್ಟೇಷನ್, ರೋಕಿನ್, ದೆ ಪೈಪ್ ದಾಟಿ ದಕ್ಷಿಣದ ಜೌಡ್‌ವರೆಗೆ ಹೋಗುತ್ತದೆ. ಎಲ್ಲಾ ಸ್ಟೇಷನ್‌ನಲ್ಲೂ ಲಿಫ್ಟ್ ಇದೆ. ರೋಕಿನ್‌ನಲ್ಲಿ ಮಾತ್ರ ಲಿಫ್ಟ್ ಬೇಡ, ಎಸ್ಕಲೇಟರ್‌ನಲ್ಲೇ ಹೋಗಿ. ಎರಡು ಎಸ್ಕಲೇಟರ್‌ಗಳ ನಡುವೆ ಗಾಜಿನ ಪೆಟ್ಟಿಗೆಯಲ್ಲಿ ಆ ಲೈನ್ ತೋಡುವಾಗ ನದಿಯ ತಳದಲ್ಲಿ ಸಿಕ್ಕ ಸಾವಿರಾರು ವಸ್ತು ಜೋಡಿಸಿದ್ದಾರೆ. ಬೀಗದ ಕೈ, ಪಿಂಗಾಣಿ ಚೂರು, ನಾಣ್ಯ, ಹಳೇ ಫೋನು. ಮೆಟ್ರೋ ಟಿಕೆಟ್ ಬೆಲೆಗೆ ಮ್ಯೂಸಿಯಂ.

ರೂಮಿನ ದರದ ಮೇಲೆ 12.5% ಟೂರಿಸ್ಟ್ ತೆರಿಗೆ ಬೇರೆ ಬೀಳುತ್ತದೆ. ಬುಕಿಂಗ್ ಸೈಟ್ ತೋರಿಸುವ ಬೆಲೆಯಲ್ಲಿ ಅದು ಸೇರಿದೆಯಾ ಅಂತ ನೋಡಿಕೊಳ್ಳಿ.

ಬೆಳಕು ನೆರಳು · ಶಿವಮೊಗ್ಗ

ಆನ್ ಫ್ರಾಂಕ್ ಮನೆಯ ಮೆಟ್ಟಿಲೂ ಹಾಗೇ ಕಡಿದು. ಹಿಂಬದಿಯ ಗುಪ್ತ ಮನೆಗೆ ವೀಲ್‌ಚೇರ್ ಹೋಗುವುದಿಲ್ಲ. ಒಮ್ಮೆ ಸಾಲಿನಲ್ಲಿ ಸೇರಿದರೆ ಹಿಂದಿನವರು ಕಾಯುತ್ತಿರುತ್ತಾರೆ, ನಿಧಾನಕ್ಕೆ ಹತ್ತುವುದು ಮುಜುಗರ. ಅಪ್ಪನನ್ನು ಕರೆದುಕೊಂಡು ಹೋಗುವ ಮುಂಚೆ ಯೋಚಿಸಿ. ಒಳಗೆ ಫೋಟೋ ತೆಗೆಯುವಂತಿಲ್ಲ, ದೊಡ್ಡ ಬ್ಯಾಗ್ ಬಿಡುವುದಿಲ್ಲ.

ಗಾಂಧಿಬಜಾರ್ ದೋಸೆ

ಹಾಗಾದರೆ ಅಮ್ಮ ಮತ್ತು ನಾನು ಹೋಗುವುದು, ಅಪ್ಪನನ್ನು ಹೊರಗೆ ಕೂರಿಸುವುದು?

ನಿವೃತ್ತ ಮೇಷ್ಟ್ರು · ಮೈಸೂರು

ಕೂರಿಸಬೇಡಿ, ಕೆಲಸ ಕೊಡಿ. ಪಕ್ಕದಲ್ಲೇ ವೆಸ್ಟರ್‌ಕೆರ್ಕ್ ಚರ್ಚ್ ಇದೆ. 1669ರಲ್ಲಿ ತೀರಿಕೊಂಡ ಚಿತ್ರಕಾರ ರೆಂಬ್ರಾಂಟ್‌ನನ್ನು ಮಣ್ಣು ಮಾಡಿದ್ದು ಅಲ್ಲೇ. ದುಡ್ಡಿಲ್ಲದೆ ಸತ್ತ, ಸಮಾಧಿ ಎಲ್ಲಿ ಅಂತ ಗುರುತೇ ಇಲ್ಲ. ಅದನ್ನು ನೋಡಿ ಅದೇ ಕಾಲುವೆ ದಂಡೆಯಲ್ಲಿ ಸ್ವಲ್ಪ ದಕ್ಷಿಣಕ್ಕೆ ನಡೆದರೆ ದೋಣಿಮನೆಯ ಮ್ಯೂಸಿಯಂ. ಹಳೇ ಸರಕು ಹಡಗೊಂದನ್ನು ಮನೆ ಮಾಡಿಕೊಂಡು ಸಂಸಾರ ಹೇಗೆ ನಡೆಯುತ್ತಿತ್ತು ಅಂತ ತೋರಿಸುತ್ತಾರೆ. ಇಳಿಯಲು ನಾಲ್ಕಾರು ಮೆಟ್ಟಿಲು, ಅಷ್ಟೇ. ಈ ಊರಲ್ಲಿ ಇಂಥ ದೋಣಿಮನೆಗಳು ಸುಮಾರು 2,500 ಇವೆಯಂತೆ. ಕರೆಂಟು, ಚರಂಡಿ ಎಲ್ಲಾ ದಂಡೆಯಿಂದ. ನಿಮ್ಮಪ್ಪ ಪೈಪ್ ಹುಡುಕಿಕೊಂಡು ಆರಾಮಾಗಿ ಹೊತ್ತು ಕಳೆಯುತ್ತಾರೆ.

ಬೇಳೆ ಸಾರು · ಹೇಗ್

ಊಟಕ್ಕೆ ಬರುತ್ತೇನೆ. ಇಂಡಿಯನ್ ರೆಸ್ಟೋರೆಂಟ್ ಹುಡುಕಿ ಅದೇ ಪಾಲಕ್ ಪನೀರ್‌ಗೆ ಯೂರೋ ಸುರಿಯಬೇಡಿ. ಇಲ್ಲಿ ನಮ್ಮವರದ್ದೇ ಇನ್ನೊಂದು ಅಡುಗೆ ಇದೆ, ಸುರಿನಾಮ್‌ನದು. 1873ರಿಂದ ಡಚ್ಚರು ಭೋಜಪುರಿ ಸೀಮೆಯ ಕೂಲಿಗಳನ್ನು ಹಡಗು ತುಂಬಿಸಿ ದಕ್ಷಿಣ ಅಮೆರಿಕದ ಸುರಿನಾಮ್‌ಗೆ ಕೊಂಡೊಯ್ದರು. 1975ರಲ್ಲಿ ಆ ದೇಶ ಸ್ವತಂತ್ರವಾಯಿತು. ಆ ಹೊತ್ತಿಗೆ ಅವರ ಮಕ್ಕಳು ಮೊಮ್ಮಕ್ಕಳು ತುಂಬಾ ಜನ ಇಲ್ಲಿಗೆ ಬಂದರು, ರೊಟ್ಟಿ ಅಂಗಡಿ ತೆರೆದರು.

'ರೋಟಿ' ಅಂತ ಕೇಳಿದರೆ ದೊಡ್ಡ ಮೆತ್ತನೆಯ ರೊಟ್ಟಿ ಬರುತ್ತದೆ, ಒಳಗೆ ಬೇಳೆ ಪುಡಿ ತುಂಬಿರುತ್ತದೆ. ಜೊತೆಗೆ ಆಲೂಗಡ್ಡೆ ಪಲ್ಯ, ಉದ್ದದ ಅಲಸಂದೆ ಕಾಯಿ. ಮೊಟ್ಟೆ ಇಟ್ಟೇ ಕೊಡುವುದು ರೂಢಿ, 'ಝೋಂಡರ್ ಐ' ಅನ್ನಿ, ತೆಗೆದು ಕೊಡುತ್ತಾರೆ. 'ಬಾರಾ' ಉದ್ದಿನ ಬೇಳೆಯದು. ಬಾಯಿಗೆ ಇಟ್ಟ ಕೂಡಲೇ ಅಮ್ಮನಿಗೆ ಗೊತ್ತಾಗುತ್ತದೆ. ದೆ ಪೈಪ್ ಬಡಾವಣೆಯ ಆಲ್ಬರ್ಟ್ ಕೌಪ್ ಸಂತೆಯ ಸುತ್ತ ಇಂಥ ಅಂಗಡಿಗಳಿವೆ. ಸಂತೆ ಭಾನುವಾರ ಇಲ್ಲ. ನೀವು ಶನಿವಾರ ಅಥವಾ ಸೋಮವಾರ ಹೋಗಿ.

ಮೊಟ್ಟೆ ವಿಷಯದಲ್ಲಿ ಎಚ್ಚರ ಬೇಕಾದ್ದು: ಪ್ಯಾನ್‌ಕೇಕ್, ಅದರ ಪುಟ್ಟ ಉಬ್ಬಿದ ರೂಪ ಪೋಫರ್ಟ್ಯೆಸ್ ಎರಡರಲ್ಲೂ ಮೊಟ್ಟೆ ಇರುತ್ತದೆ. ನಡುವೆ ಪಾಕ ಇರುವ ತೆಳು ಬಿಲ್ಲೆ ಸ್ಟ್ರೂಪ್‌ವಾಫೆಲ್‌ನಲ್ಲೂ ಬಹಳ ಕಡೆ ಹಾಕುತ್ತಾರೆ. ಫ್ರೈಸ್ ಮೇಲೆ ಸುರಿಯುವ ಬಿಳಿ ಸಾಸ್ ಮೆಯೋನೀಸ್, ಅದೂ ಬೇಡ. ಕಡಲೆಕಾಯಿ ಸಾಸ್ ಕೇಳಿ, ಇಂಡೋನೇಷ್ಯಾದಿಂದ ಬಂದದ್ದು, ರುಚಿ ಜೋರು. ಕೆಲವು ಕಡೆ ಅದಕ್ಕೆ ಸೀಗಡಿ ಪೇಸ್ಟ್ ಹಾಕುತ್ತಾರೆ, ಹಾಗಾಗಿ ಕೇಳಿಕೊಂಡೇ ತಿನ್ನಿ. ಅಮ್ಮ ತೀರಾ ಕಟ್ಟುನಿಟ್ಟಾದರೆ ಚೀಸ್‌ನಲ್ಲೂ ರೆನೆಟ್ ಅಂತ ಕರುವಿನ ಹೊಟ್ಟೆಯ ಅಂಶ ಇರುತ್ತದೆ. ಪೊಟ್ಟಣದ ಮೇಲೆ 'ವೆಜಿಟಾರಿಸ್ ಸ್ಟ್ರೆಮ್ಸೆಲ್' ಅಂತ ಇದ್ದರೆ ಪರವಾಗಿಲ್ಲ. ನಲ್ಲಿ ನೀರು ಧಾರಾಳವಾಗಿ ಕುಡಿಯಬಹುದು. ಬಾಟಲಿ ಕೊಂಡು ದುಡ್ಡು ಕಳೆಯಬೇಡಿ.

ಜೋಳದ ರೊಟ್ಟಿ · ಧಾರವಾಡ

ರೊಟ್ಟಿ ಅಂಗಡಿ ಇದೆ ಅಂತ ನನಗೆ ಯಾರೂ ಹೇಳಲಿಲ್ಲ ನೋಡಿ. ಹೆಸರಿಗೆ ತಕ್ಕ ಅನ್ಯಾಯ. ಆದರೂ ಕೇಳುತ್ತೇನೆ, ಬೋಟ್ ಬೇಕಾ ಬೇಡವಾ?

ಬೆಳಕು ನೆರಳು · ಶಿವಮೊಗ್ಗ

ಬೇಕು, ಆದರೆ ಯಾವುದು ಅನ್ನೋದು ಮುಖ್ಯ. ಸೆಂಟ್ರಲ್ ಸ್ಟೇಷನ್ ಎದುರು ಸಿಗುವ ಗಾಜಿನ ಛಾವಣಿಯ ಉದ್ದ ದೋಣಿಯಲ್ಲಿ ಬಿಸಿಲು ಬಿದ್ದರೆ ಬೇಯುತ್ತೀರಿ. ವಿವರಣೆ ರೆಕಾರ್ಡ್ ಮಾಡಿದ್ದು, ಗಾಜಿನಲ್ಲಿ ನಿಮ್ಮ ಮುಖವೇ ಫೋಟೋಗೆ ಬರುತ್ತದೆ. ಹತ್ತಿಪ್ಪತ್ತು ಜನ ಕೂರುವ, ಮೇಲೆ ತೆರೆದ ದೋಣಿ ಹುಡುಕಿ. ನಡೆಸುವವರೇ ಮಾತಾಡುತ್ತಾರೆ. ದುಡ್ಡು ಸ್ವಲ್ಪ ಜಾಸ್ತಿ. ಹತ್ತಿ ಇಳಿಯುವಾಗ ದೋಣಿ ಅಲ್ಲಾಡುತ್ತದೆ. ಅಪ್ಪನ ಕೈ ಹಿಡಿಯಲು ಸಿಬ್ಬಂದಿಗೆ ಮುಂಚೆಯೇ ಹೇಳಿ.

ಮಳೆ ಬಂದರೆ ಮಾತ್ರ ಗಾಜಿನ ದೋಣಿಯೇ ದೇವರು.

ಹೊತ್ತು: ಜೂನ್‌ನಲ್ಲಿ ಸೂರ್ಯ ಮುಳುಗುವಾಗ ರಾತ್ರಿ 10 ಗಂಟೆ. ಊಟ ಮುಗಿಸಿ 8:30ರ ದೋಣಿ ಹತ್ತಿ. ಇಟ್ಟಿಗೆ ಗೋಡೆಗಳಿಗೆ ಓರೆ ಬಿಸಿಲು ಬೀಳುವುದು ಆಗಲೇ. ಇಳಿದ ಮೇಲೆ ರೆಗುಲಿಯರ್ಸ್‌ಗ್ರಾಖ್ಟ್ ಮತ್ತು ಹೇರೆನ್‌ಗ್ರಾಖ್ಟ್ ಸೇರುವ ಮೂಲೆಗೆ ನಡೆಯಿರಿ. ಸೇತುವೆಯ ನೀರ ಕಡೆಗೆ ಬಾಗಿ ನೋಡಿದರೆ ಒಂದರ ಹಿಂದೆ ಒಂದು ಏಳು ಕಮಾನು ಕಾಣುತ್ತವೆ. ಕತ್ತಲಾದ ಮೇಲೆ ಕಮಾನುಗಳಿಗೆ ದೀಪ ಹತ್ತುತ್ತದೆ. ದಂಡೆಯಿಂದ ಅರ್ಧಂಬರ್ಧ ಕಾಣುತ್ತದೆ, ದೋಣಿಯಿಂದ ಸರಿಯಾಗಿ ಕಾಣುತ್ತದೆ. ಹಾಗಾಗಿ ಬುಕ್ ಮಾಡುವಾಗ 'ಆ ಕಡೆ ಹೋಗ್ತೀರಾ' ಅಂತ ಕೇಳುವುದು ಒಳ್ಳೆಯದು.

ಬೆಳಿಗ್ಗೆ ಎದ್ದವರಿಗೆ ಬ್ರೌವರ್ಸ್‌ಗ್ರಾಖ್ಟ್. ಎಂಟು ಗಂಟೆಯೊಳಗೆ ಹೋದರೆ ನಾಯಿ ಕರೆದುಕೊಂಡು ಬಂದವರು ಬಿಟ್ಟರೆ ಬೇರೆ ಜನ ಇಲ್ಲ. ಗೋದಾಮುಗಳ ದೊಡ್ಡ ಮರದ ಬಾಗಿಲುಗಳನ್ನು ನೋಡಿ. ಅಲ್ಲಿಂದ ನಾಲ್ಕು ಹೆಜ್ಜೆಗೆ ನೋರ್ಡರ್‌ಮಾರ್ಕ್ಟ್ ಸಂತೆ, ಶನಿವಾರ ರೈತರದ್ದು, ಸೋಮವಾರ ಬೆಳಿಗ್ಗೆ ಹಳೇ ಸಾಮಾನಿನದ್ದು.

ರೆಡ್ ಲೈಟ್ ಬೀದಿಗೆ ಅಪ್ಪ-ಅಮ್ಮನ ಜೊತೆ ಹೋಗುವುದು ಬಿಡುವುದು ನಿಮ್ಮಿಷ್ಟ. ಹೋದರೆ ಕಿಟಕಿಗಳ ಕಡೆ ಕ್ಯಾಮೆರಾ ಎತ್ತಲೇಬೇಡಿ. ಅಲ್ಲಿ ನಿಜಕ್ಕೂ ನೋಡುವಂಥದ್ದು ಅಟ್ಟದೊಳಗಿನ ಚರ್ಚ್. ಕ್ಯಾಥೊಲಿಕರು ಬಹಿರಂಗವಾಗಿ ಪೂಜೆ ಮಾಡುವಂತಿಲ್ಲದ ಕಾಲದಲ್ಲಿ, 1663ರಲ್ಲಿ, ವ್ಯಾಪಾರಿಯೊಬ್ಬ ತನ್ನ ಮನೆಯ ಅಟ್ಟದಲ್ಲಿ ಪೂರ್ತಿ ಚರ್ಚನ್ನೇ ಕಟ್ಟಿಸಿಕೊಂಡ. ಹೊರಗಿನಿಂದ ಮಾಮೂಲಿ ಮನೆ. ಆದರೆ ಮತ್ತೆ ಅದೇ ಮೆಟ್ಟಿಲು ಪುರಾಣ. ಅಪ್ಪನಿಗೆ ಬೇಡ.

ಬಸ್ರೂರು ಗಾಳಿ · ಕುಂದಾಪುರ

ಮ್ಯೂಸಿಯಂ ಒಂದೇ ಅಂದರೆ ರೈಕ್ಸ್‌ಮ್ಯೂಸಿಯಂ. ವ್ಯಾನ್ ಗೋ ಅಭಿಮಾನಿಗಳು ಬೈದರೂ ಸರಿ. ವರ್ಷದ ಎಲ್ಲಾ ದಿನ ಬೆಳಿಗ್ಗೆ 9ರಿಂದ ಸಂಜೆ 5. ಲಿಫ್ಟ್ ಇದೆ, ವೀಲ್‌ಚೇರ್ ಎರವಲು ಕೊಡುತ್ತಾರೆ. 9ಕ್ಕೇ ಒಳಗೆ ಹೋಗಿ, ಸೀದಾ ಮೇಲಿನ ಮಹಡಿಯ ರೆಂಬ್ರಾಂಟ್ 'ನೈಟ್ ವಾಚ್' ಮುಂದೆ ನಿಲ್ಲಿ. 1642ರ ಚಿತ್ರ. 2019ರಿಂದ ಅದರ ಪರೀಕ್ಷೆ, ದುರಸ್ತಿಯನ್ನು ಗಾಜಿನ ಕೋಣೆಯೊಳಗೆ ಜನರ ಕಣ್ಣೆದುರೇ ಮಾಡುತ್ತಿದ್ದಾರೆ. ಆಮೇಲೆ ವೆರ್ಮೇರ್‌ನ ಹಾಲು ಸುರಿಯುವ ಹೆಂಗಸು. ಚಿಕ್ಕ ಚಿತ್ರ, ಗುಂಪು ದೊಡ್ಡದು.

ಹೆಚ್ಚಿನವರು ಅಲ್ಲಿಗೇ ಮುಗಿಸುತ್ತಾರೆ. ನೀವು ಏಷ್ಯಾ ಪೆವಿಲಿಯನ್‌ಗೆ ಹೋಗಿ. ತಮಿಳುನಾಡಿನ ಚೋಳರ ಕಾಲದ ಕಂಚಿನ ನಟರಾಜ ಅಲ್ಲಿದ್ದಾನೆ. ಮೂರ್ತಿ ಒಳಗೆ ಟೊಳ್ಳಲ್ಲ, ಗಟ್ಟಿ ಎರಕ. ಅದನ್ನು ಖಚಿತ ಮಾಡಿಕೊಳ್ಳಲು ಮೂರ್ತಿಯನ್ನು ಲಾರಿ ಸಮೇತ ರಾಟರ್‌ಡ್ಯಾಮ್ ಬಂದರಿನ ಕಸ್ಟಮ್ಸ್ ಎಕ್ಸ್‌ರೇ ಸುರಂಗಕ್ಕೆ ಒಯ್ದಿದ್ದರು. ನಮ್ಮ ದೇವರಿಗೂ ಸ್ಕ್ಯಾನಿಂಗ್!

ಇನ್ನೊಂದು ಮಾತು. ಈ ಚಂದದ ಕಾಲುವೆ ಮನೆಗಳಿಗೆ ದುಡ್ಡು ಎಲ್ಲಿಂದ ಬಂತು ಅಂತ ಕೇಳದೆ ಬರಬೇಡಿ. 1602ರಲ್ಲಿ ಶುರುವಾದ ಡಚ್ ಈಸ್ಟ್ ಇಂಡಿಯಾ ಕಂಪನಿಯ ದೊಡ್ಡ ಕಚೇರಿ ಔಡೆ ಹೋಖ್‌ಸ್ಟ್ರಾಟ್ ಬೀದಿಯಲ್ಲಿತ್ತು. ಕಟ್ಟಡ ಈಗಲೂ ಇದೆ, ವಿಶ್ವವಿದ್ಯಾಲಯದ ಕೈಯಲ್ಲಿದೆ. ಅದೇ ಕಂಪನಿ 17ನೇ ಶತಮಾನದಲ್ಲಿ ನಮ್ಮ ಬಸ್ರೂರಿನಲ್ಲೂ ಕೋಠಿ ಇಟ್ಟಿತ್ತು. ಕೆಳದಿ ನಾಯಕರ ಜೊತೆ ವ್ಯಾಪಾರ, ಮುಖ್ಯವಾಗಿ ಅಕ್ಕಿ, ಮೆಣಸು. ನನ್ನೂರಿನ ಹೊಳೆದಂಡೆಯಲ್ಲಿ ಅದರ ಕುರುಹು ಕೇಳಿದರೆ ಯಾರಿಗೂ ಗೊತ್ತಿಲ್ಲ. ಇಲ್ಲಿ ಮಾತ್ರ ಗೋಡೆ ಗಟ್ಟಿಯಾಗಿದೆ. ಗುಲಾಮರ ವ್ಯಾಪಾರದಲ್ಲಿ ಊರಿನ ಪಾಲಿಗೆ ಆಮ್‌ಸ್ಟರ್‌ಡ್ಯಾಮ್ ಮೇಯರ್ 2021ರಲ್ಲಿ ಕ್ಷಮೆ ಕೇಳಿದರು.

ಆಮ್‌ಸ್ಟೆಲ್‌ವೇನ್ ಅಕ್ಕ

ಕೋಠಿ, ಕಂಪನಿ ಅಂದ ಕೂಡಲೇ ನೆನಪಾಯಿತು. ದೋಸೆಯವರೇ, ನಿಮ್ಮ ತಾರೀಖು ಭಾರಿ ಚೆನ್ನಾಗಿದೆ. ಜೂನ್ ಮೂರನೇ ವಾರಾಂತ್ಯ ಇಲ್ಲಿ 'ಓಪನ್ ಟೌನೆನ್ ದಾಗೆನ್'. ಕಾಲುವೆ ಮನೆಗಳ ಹಿತ್ತಿಲು ತೋಟಗಳನ್ನು ಜನರಿಗೆ ತೆರೆಯುತ್ತಾರೆ. ಬೀದಿಯಿಂದ ನೋಡಿದರೆ ಇಟ್ಟಿಗೆ ಮನೆಗಳು ಅಂಟಿಕೊಂಡೇ ಇವೆ. ಹಿಂದೆ ಇಷ್ಟು ಉದ್ದದ ತೋಟ ಇದೆ ಅಂತ ಊಹಿಸಲೂ ಆಗುವುದಿಲ್ಲ. ಒಂದು ಪಾಸ್ ಕೊಂಡರೆ ಹತ್ತಾರು ತೋಟ. ಕೆಲವು ಪೂರ್ತಿ ಖಾಸಗಿ ಮನೆಗಳು, ಬೇರೆ ದಿನ ಒಳಗೆ ಬಿಡುವುದೇ ಇಲ್ಲ. ಅಮ್ಮನಿಗೆ ಗಿಡದ ಹುಚ್ಚಿದ್ದರೆ ಕೇಳುವುದೇ ಬೇಡ.

ತಾರೀಖು ತಪ್ಪಿದರೂ ಕೈಜರ್ಸ್‌ಗ್ರಾಖ್ಟ್ 672ರ ವ್ಯಾನ್ ಲೂನ್ ಮ್ಯೂಸಿಯಂ ಇದೆ. 1672ರ ಮನೆ. ಮೊದಲ ಬಾಡಿಗೆದಾರ ರೆಂಬ್ರಾಂಟ್‌ನ ಶಿಷ್ಯ ಫರ್ಡಿನಾಂಡ್ ಬೋಲ್. ಆಮೇಲೆ ಕೊಂಡ ವ್ಯಾನ್ ಲೂನ್ ಮನೆತನದ ಹಿರಿಯನೊಬ್ಬ ಅದೇ ಕಂಪನಿಯ ಸ್ಥಾಪಕರಲ್ಲೊಬ್ಬ. ಹಿಂದೆ ಕತ್ತರಿಸಿ ಜೋಡಿಸಿದ ಪೊದೆಗಳ ತೋಟ, ಅದರಾಚೆ ಕುದುರೆಗಾಡಿಯ ಮನೆ. ಅಪ್ಪ ತೋಟದ ಬೆಂಚಿನಲ್ಲಿ ಕೂರಲಿ.

ನಿವೃತ್ತ ಮೇಷ್ಟ್ರು · ಮೈಸೂರು

ಕೂತೇ ನೋಡುವ ಇನ್ನೆರಡು ಹೇಳಿಬಿಡುತ್ತೇನೆ, ಎರಡೂ ಬಿಟ್ಟಿ. ಸೆಂಟ್ರಲ್ ಸ್ಟೇಷನ್ ಹಿಂಬಾಗಿಲಿನಿಂದ 'ಐ' ಅನ್ನೋ ಅಗಲ ಜಲದಾರಿಯಾಚೆಗೆ ಫೆರ್ರಿ ಬಿಡುತ್ತಾರೆ. ಎದುರು ದಂಡೆಗೆ ಕೆಲವೇ ನಿಮಿಷ. ಎನ್‌ಡಿಎಸ್‌ಎಂ ಅನ್ನೋ ಹಳೇ ಹಡಗುಕಟ್ಟೆಗೆ ಕಾಲು ಗಂಟೆ. ಟಿಕೆಟ್ ಕೇಳುವವರಿಲ್ಲ, ಸೈಕಲ್ ಸಮೇತ ಜನ ನುಗ್ಗುತ್ತಾರೆ. ಇನ್ನೊಂದು, ಸ್ಟೇಷನ್ ಹತ್ತಿರದ ಸಾರ್ವಜನಿಕ ಗ್ರಂಥಾಲಯ. ಲಿಫ್ಟ್‌ನಲ್ಲಿ ಮೇಲಿನ ಮಹಡಿಗೆ ಹೋದರೆ ತಾರಸಿಯಿಂದ ಇಡೀ ಹಳೇ ಊರು ಕಾಣುತ್ತದೆ. ಕಾಫಿಯೂ ಸಿಗುತ್ತದೆ. ಶೌಚಾಲಯವೂ ಇದೆ. ಆ ವಯಸ್ಸಿನಲ್ಲಿ ಅದು ಸಣ್ಣ ವಿಷಯ ಅಲ್ಲ, ನಂಬಿ.

ನೀರಿನ ಮಟ್ಟ · ಡೆಲ್ಫ್ಟ್

ಓಡಾಟದ ಬಗ್ಗೆ ಬೇಗ ಹೇಳುತ್ತೇನೆ. ಟ್ರಾಮ್, ಮೆಟ್ರೋ, ರೈಲು ಎಲ್ಲಕ್ಕೂ ಕಾಂಟ್ಯಾಕ್ಟ್‌ಲೆಸ್ ಕಾರ್ಡ್ ಸಾಕು. ಹತ್ತುವಾಗ ತಟ್ಟಿ, ಇಳಿಯುವಾಗಲೂ ತಟ್ಟಿ. ಇಳಿಯುವಾಗ ಮರೆತರೆ ಜಾಸ್ತಿ ಕತ್ತರಿಸುತ್ತದೆ. ಒಬ್ಬರಿಗೆ ಒಂದು ಕಾರ್ಡ್, ಮೂವರಿಗೆ ಒಂದೇ ಕಾರ್ಡ್ ತಟ್ಟಿದರೆ ನಡೆಯುವುದಿಲ್ಲ. ನಮ್ಮ ಬ್ಯಾಂಕ್ ಕಾರ್ಡ್‌ಗಳಲ್ಲಿ ವಿದೇಶಿ ಬಳಕೆ, ಕಾಂಟ್ಯಾಕ್ಟ್‌ಲೆಸ್ ಎರಡನ್ನೂ ನಾವೇ ಆ್ಯಪ್‌ನಲ್ಲಿ ಆನ್ ಮಾಡಬೇಕು. ಬೆಂಗಳೂರಿನಲ್ಲೇ ಮಾಡಿಕೊಂಡು ಬನ್ನಿ. ಸ್ಖಿಪೋಲ್ ವಿಮಾನ ನಿಲ್ದಾಣದಿಂದ ಸೆಂಟ್ರಲ್‌ಗೆ ರೈಲಿನಲ್ಲಿ ಕಾಲು ಗಂಟೆ ಚಿಲ್ಲರೆ. ಇಳಿದ ಕೂಡಲೇ ಅಪ್ಪನಿಗೆ ಹೇಳಿ, ಈಗ ನಿಂತಿರುವುದು ಸಮುದ್ರ ಮಟ್ಟಕ್ಕಿಂತ ಕೆಳಗೆ, ಹಿಂದೆ ಇದು ಕೆರೆ, 1852ರಲ್ಲಿ ಪಂಪ್ ಹಾಕಿ ಬತ್ತಿಸಿದ್ದು ಅಂತ.

ಕೆಂಪು ಬಣ್ಣದ ಪಟ್ಟಿ ಕಂಡರೆ ಅದು ಸೈಕಲ್ ದಾರಿ, ಫುಟ್‌ಪಾತ್ ಅಲ್ಲ. ಸೆಲ್ಫಿಗೆ ಹಿಂದೆ ಹಿಂದೆ ಹೋಗಬೇಡಿ. ಅವರು ಬ್ರೇಕ್ ಹಾಕುವುದಿಲ್ಲ, ಬೆಲ್ ಹೊಡೆಯುತ್ತಾರೆ. ವರ್ಷಕ್ಕೆ 12ರಿಂದ 15 ಸಾವಿರ ಸೈಕಲ್‌ಗಳನ್ನು ಕಾಲುವೆಯಿಂದ ಮೇಲೆತ್ತುತ್ತಾರಂತೆ. ಹೇಗೆ ಬೀಳುತ್ತವೆ ಅಂತ ಶುಕ್ರವಾರ ರಾತ್ರಿ ನೋಡಿದವರಿಗೆ ಗೊತ್ತು.

ಗಾಂಧಿಬಜಾರ್ ದೋಸೆ

ಎಲ್ಲರಿಗೂ ದೊಡ್ಡ ಥ್ಯಾಂಕ್ಸ್. ಲೆಕ್ಕ ಹೀಗೆ ಬಂತು. ಶನಿವಾರ ಮಧ್ಯಾಹ್ನದವರೆಗೆ ನಿದ್ದೆ, ಆಮೇಲೆ ಒಂದೆರಡು ತೋಟ, 8:30ಕ್ಕೆ ತೆರೆದ ದೋಣಿ. ಭಾನುವಾರ 9ಕ್ಕೆ ರೈಕ್ಸ್‌ಮ್ಯೂಸಿಯಂ, ಮಧ್ಯಾಹ್ನ ಉಳಿದ ತೋಟಗಳು, ಫೆರ್ರಿ. ಸೋಮವಾರ ಬೆಳಿಗ್ಗೆ ನೋರ್ಡರ್‌ಮಾರ್ಕ್ಟ್, ಟಿಕೆಟ್ ಸಿಕ್ಕರೆ ಆನ್ ಫ್ರಾಂಕ್ ಮನೆ, ಅಪ್ಪ ದೋಣಿಮನೆಗೆ. ಸಂಜೆ ಸ್ಟೋಪೆರಾದ ಸೊನ್ನೆ, ಆಮೇಲೆ ದೆ ಪೈಪ್‌ನಲ್ಲಿ ಮೊಟ್ಟೆ ಇಲ್ಲದ ರೊಟ್ಟಿ. ಗಾಳಿಯಂತ್ರ ಬಿಟ್ಟೆ. ಅಮ್ಮನ ಕೊನೇ ಪ್ರಶ್ನೆ: ಜೂನ್ ಅಲ್ವಾ, ಸ್ವೆಟರ್ ಬೇಕಾ?

ನೀರಿನ ಮಟ್ಟ · ಡೆಲ್ಫ್ಟ್

ಸ್ಟೋಪೆರಾ ನಗರಸಭೆ ಕಚೇರಿ, ಸಂಜೆ ಬಾಗಿಲು ಹಾಕಿದ್ದರೆ ಅಪ್ಪ ನಿಮ್ಮನ್ನು ಬಿಡುವುದಿಲ್ಲ. ನೋರ್ಡರ್‌ಮಾರ್ಕ್ಟ್ ಮುಗಿಸಿ ನೇರ ಅಲ್ಲಿಗೆ ಹೋಗಿ.

ಆಮ್‌ಸ್ಟೆಲ್‌ವೇನ್ ಅಕ್ಕ

ಸ್ವೆಟರ್ ಬೇಕು, ರಾತ್ರಿ ದೋಣಿಯಲ್ಲಿ ಖಂಡಿತ ಬೇಕು. ಛತ್ರಿ ಬೇಡ, ಇಲ್ಲಿನ ಗಾಳಿಗೆ ಉಲ್ಟಾ ಆಗಿ ಕಡ್ಡಿ ಮುರಿಯುತ್ತದೆ. ಟೋಪಿ ಇರುವ ರೇನ್‌ಕೋಟ್ ಮೂರು ತನ್ನಿ.

ಜೋಳದ ರೊಟ್ಟಿ · ಧಾರವಾಡ

ಆ ರೊಟ್ಟಿ ಅಂಗಡಿಯ ಹೆಸರು ಯಾರಾದರೂ ಮೆಸೇಜ್ ಮಾಡಿ. ನವೆಂಬರ್‌ನಲ್ಲಿ ಮತ್ತೆ ಆಫೀಸ್ ಕೆಲಸ ಇದೆ.